ಹೆಸರು ತಪ್ಪಿತ್ತು, ಸರಕು ಸಾಚಾ ಇತ್ತು: 'ವಡ್ಡಾರಾಧನೆ' ಎಂಬ ಕಥೆಗಂಟಿನ ಪತ್ತೇದಾರಿಕೆ

ಸವಣೂರು: ಅಂಗಡಿ ಇಟ್ಟವರಿಗೆ ಇದು ದಿನನಿತ್ಯದ ಮಾತು. ಗಿರಾಕಿ ಬರುತ್ತಾನೆ. ಬೇಕಾದ ಸಾಮಾನಿನ ಹೆಸರು ಅವನಿಗೆ ನೆಟ್ಟಗೆ ಗೊತ್ತಿರುವುದಿಲ್ಲ. "ಅದರೀ... ಕೆಂಪು ಡಬ್ಬಿ, ಮ್ಯಾಲ ಆನಿ ಚಿತ್ರ, ಹ್ವಾದ ವರ್ಷ ಒಯ್ದಿದ್ದೆ" ಅನ್ನುತ್ತಾನೆ. ಪಳಗಿದ ಅಂಗಡಿಕಾರ ನಗುವುದಿಲ್ಲ, ಬೈಯುವುದೂ ಇಲ್ಲ. ಡಬ್ಬಿಯ ಬಣ್ಣ ಯಾವುದು, ಒಳಗೆ ಏನಿತ್ತು, ಯಾತಕ್ಕೆ ಬಳಸಿದೆ ಎಂದು ಒಂದೊಂದೇ ಕೇಳುತ್ತ ಹೋಗಿ ಕೊನೆಗೆ ಮೂಲೆಯಿಂದ ಸಾಮಾನು ತೆಗೆದು ಕೊಡುತ್ತಾನೆ. ಹೆಸರು ತಪ್ಪಿದ್ದರೂ ಸರಕು ಸಿಗುತ್ತದೆ.

ಕನ್ನಡದ ಒಂದು ಹಳೆಯ ಪುಸ್ತಕದ ವಿಷಯದಲ್ಲಿ ನಡೆದದ್ದೂ ಇದೇ. ವ್ಯತ್ಯಾಸ ಇಷ್ಟೇ: ಇಲ್ಲಿ ಕೇಳಿದವರು ಪಂಡಿತರು, ಹುಡುಕಿದ್ದು ಸಾವಿರ ವರ್ಷದ ಹಿಂದಿನ ಸರಕು. ವಿಚಾರಣೆ ಹತ್ತಾರು ವರ್ಷ ನಡೆದರೂ ಹೆಸರಿನ ತಕರಾರು ಪೂರ್ತಿ ಮುಗಿದಿಲ್ಲ.

ಆ ಪುಸ್ತಕವೇ 'ವಡ್ಡಾರಾಧನೆ'. ಕಾಲೇಜಿನಲ್ಲಿ ಕನ್ನಡ ಓದಿದವರೆಲ್ಲ ಇದರ ಹೆಸರು ಕೇಳಿಯೇ ಇರುತ್ತಾರೆ. ಕನ್ನಡದಲ್ಲಿ ಈಗ ಸಿಗುವ ಗದ್ಯ ಕೃತಿಗಳಲ್ಲಿ ಎಲ್ಲಕ್ಕೂ ಹಳೆಯದು ಎಂದು ಪರೀಕ್ಷೆಗೆ ಬರೆದೂ ಇರುತ್ತಾರೆ. ಆದರೆ 'ವಡ್ಡಾರಾಧನೆ' ಅಂದ್ರ ಏನ್ರೀ ಅರ್ಥ? ಹೀಗೆ ಕೇಳಿದರೆ ಹತ್ತರಲ್ಲಿ ಎಂಟು ಮಂದಿ ತಲೆ ಕೆರೆದುಕೊಳ್ಳುತ್ತಾರೆ. ತಪ್ಪು ಅವರದಲ್ಲ. ಹೆಸರೇ ಮುಕ್ಕಾಗಿ ನಮ್ಮ ಕೈಗೆ ಬಂದಿದೆ.

ಬೋರ್ಡಿಗೊಂದು, ಬಾಯಿಗೊಂದು

ಪುಸ್ತಕಕ್ಕೆ ಬರೆದವರು ಇಟ್ಟ ಹೆಸರು ಒಂದು, ಜನ ಕರೆಯುವ ಹೆಸರು ಇನ್ನೊಂದು. ಇದು ಕನ್ನಡಕ್ಕೆ ಹೊಸದಲ್ಲ. ಬಜಾರದಲ್ಲಿ ಬೋರ್ಡಿನ ಮೇಲೆ ದೇವರ ಹೆಸರಿರುತ್ತದೆ. ಊರ ಮಂದಿ ಮಾತ್ರ 'ಮೂಲೀ ಅಂಗಡಿ' ಅನ್ನುತ್ತಾರೆ. ಪಂಪ ತನ್ನ ಕಾವ್ಯಕ್ಕೆ ಇಟ್ಟ ಹೆಸರು 'ವಿಕ್ರಮಾರ್ಜುನ ವಿಜಯ', ಜನ ಕರೆದದ್ದು 'ಪಂಪ ಭಾರತ'. ರನ್ನನದು 'ಸಾಹಸಭೀಮ ವಿಜಯ', ಬಳಕೆಯಲ್ಲಿ ಉಳಿದದ್ದು 'ಗದಾಯುದ್ಧ'. ಕುಮಾರವ್ಯಾಸನದು 'ಕರ್ಣಾಟ ಭಾರತ ಕಥಾಮಂಜರಿ', ಹಳ್ಳಿಯ ಕಟ್ಟೆಯ ಮೇಲೆ ಅದು 'ಗದುಗಿನ ಭಾರತ'. ಚಾವುಂಡರಾಯ ೯೭೮ರಲ್ಲಿ ಮುಗಿಸಿದ್ದು 'ತ್ರಿಷಷ್ಟಿಲಕ್ಷಣ ಮಹಾಪುರಾಣ', ಅಷ್ಟುದ್ದ ಹೆಸರು ಯಾರು ಹೇಳಬೇಕು? 'ಚಾವುಂಡರಾಯ ಪುರಾಣ' ಆಯಿತು.

ಇವಕ್ಕೆಲ್ಲ ಬೋರ್ಡಿನ ಹೆಸರೂ ಇದೆ, ಬಾಯಿಯ ಹೆಸರೂ ಇದೆ. ಎರಡನ್ನೂ ಜೋಡಿಸಿ ನೋಡಬಹುದು. ವಡ್ಡಾರಾಧನೆಯ ಪಂಚಾಯ್ತಿಯೇ ಬೇರೆ. ಇಲ್ಲಿ ಬೋರ್ಡು ಕಳಚಿ ಬಿದ್ದಿದೆ. ಬಾಯಿಯ ಹೆಸರಷ್ಟೇ ಉಳಿದಿದೆ, ಅದೂ ಅರ್ಧ.

ಗಂಟಿನೊಳಗೆ ಏನಿದೆ?

ಹೆಸರಿನ ಜಗಳಕ್ಕೆ ಹೋಗುವ ಮೊದಲು ಗಂಟು ಬಿಚ್ಚಿ ನೋಡುವುದು ಒಳ್ಳೆಯದು. ಒಳಗಿರುವುದು ೧೯ ಕಥೆಗಳು. ಪ್ರತಿ ಕಥೆಯ ತಲೆಗೆ ಒಂದು ಪ್ರಾಕೃತ ಪದ್ಯ, ಅದಕ್ಕೆ ಕನ್ನಡದ ಅರ್ಥ, ಆಮೇಲೆ ಕಥೆ. ಹತ್ತೊಂಬತ್ತೂ ಜೈನ ಮುನಿಗಳ ಕಥೆಗಳು. ಎಲ್ಲರೂ ಕಡೆಗಾಲದಲ್ಲಿ ಭಯಂಕರ ಪೀಡೆಗೆ ಸಿಕ್ಕವರು, ಎಲ್ಲರೂ ಅಲುಗದೆ ಸಹಿಸಿ ದೇಹ ಬಿಟ್ಟವರು.

ಮೊದಲನೆಯದು ಸುಕುಮಾರಸ್ವಾಮಿಯ ಕಥೆ. ಉಜ್ಜಯಿನಿಯ ಸಿರಿವಂತರ ಮಗ. ಎಷ್ಟು ನಾಜೂಕು ಅಂದ್ರ, ದೀಪದ ಬೆಳಕಿಗೆ ಕಣ್ಣಲ್ಲಿ ನೀರು, ಕೂತ ಕಡೆ ಸಾಸಿವೆ ಕಾಳು ಬಿದ್ದಿದ್ದರೆ ಅದೂ ಒತ್ತುತ್ತದೆ! ಅಂಥವನು ಒಂದು ದಿನ ಎಲ್ಲ ಬಿಟ್ಟು ಬರಿಗಾಲಲ್ಲಿ ಹೊರಟ. ಹಾದಿಯ ಕಲ್ಲಿಗೆ ಕಾಲು ಒಡೆದು ರಕ್ತ ಸೋರಿತು. ಆ ರಕ್ತದ ಜಾಡು ಹಿಡಿದು ಹೆಣ್ಣು ನರಿಯೊಂದು ಮರಿಗಳೊಂದಿಗೆ ಬಂತು. ಹಿಂದಿನ ಜನ್ಮದಲ್ಲಿ ಅದು ಅವನ ಅತ್ತಿಗೆ. ಇವನು ಸಿಟ್ಟಿನಿಂದ ಅವಳನ್ನು ಕಾಲಿಂದ ಒದ್ದಿದ್ದ. 'ಒದ್ದ ಕಾಲನ್ನೇ ತಿಂದೇನು' ಎಂದು ಅವಳು ಹಗೆ ಕಟ್ಟಿಕೊಂಡಿದ್ದಳು. ಸಾಸಿವೆ ಒತ್ತಿದರೆ ನೊಂದುಕೊಳ್ಳುತ್ತಿದ್ದ ಹುಡುಗ, ನರಿ ತಿನ್ನುತ್ತಿರುವಾಗ ಅಲುಗಲಿಲ್ಲ ಎಂಬಲ್ಲಿಗೆ ಕಥೆ ಬರುತ್ತದೆ. ಓದಿದವರ ಎದೆ ಝಲ್ಲೆನ್ನದೆ ಇರದು.

ಇನ್ನೊಂದು ವಿದ್ಯುಚ್ಚೋರನ ಕಥೆ. ಇದನ್ನು ಇವತ್ತಿನ ಪತ್ತೇದಾರಿ ಕಾದಂಬರಿಯ ಪಕ್ಕದಲ್ಲಿ ಇಟ್ಟರೂ ಸೋಲುವುದಿಲ್ಲ. ಹಗಲು ಕುಷ್ಠರೋಗಿಯ ಸೋಗು, ರಾತ್ರಿ ಕಳ್ಳತನ. ಅರಮನೆಯ ಹಾರಕ್ಕೇ ಕೈ ಹಾಕಿದ ಈ ಕಳ್ಳನ ಬೆನ್ನು ಹತ್ತಿದವನು ಯಮದಂಡ ಎಂಬ ತಳಾರ, ಅಂದರೆ ಆಗಿನ ಕಾಲದ ಪೊಲೀಸ್ ಅಧಿಕಾರಿ. ಕಳ್ಳ ಯಾರು, ಅವನಿಗೂ ತಳಾರನಿಗೂ ಹಿಂದಿನ ಸಂಬಂಧ ಏನು ಎಂಬುದು ಹೊರಬೀಳುವ ರೀತಿಯೇ ಈ ಕಥೆಯ ಸ್ವಾರಸ್ಯ.

ಹನ್ನೆರಡು ವರ್ಷದ ಬರಗಾಲಕ್ಕೆ ಹೆದರಿ ಉತ್ತರದಿಂದ ದಕ್ಷಿಣಕ್ಕೆ ಮುನಿಸಂಘ ಬಂದ ಭದ್ರಬಾಹುವಿನ ಕಥೆ ಇದರಲ್ಲಿದೆ. ನಂದರನ್ನು ಬೇರುಸಹಿತ ಕಿತ್ತ ಚಾಣಕ್ಯನೂ ಇದ್ದಾನೆ. ಆದರೆ ಇಲ್ಲಿಯ ಚಾಣಕ್ಯ ಕೊನೆಗೆ ಜೈನ ಮುನಿಯಾಗಿ, ಹಗೆಯವನು ಹಚ್ಚಿದ ಬೆಂಕಿಯಲ್ಲಿ ಸುಮ್ಮನೆ ಕೂತು ಪ್ರಾಣ ಬಿಡುತ್ತಾನೆ. ಶಾಲೆಯಲ್ಲಿ ಓದಿದ ಚಾಣಕ್ಯನೇ ಬೇರೆ, ಇವನೇ ಬೇರೆ.

ಭಾಷೆಯೂ ಹಾಗೆಯೇ. ಹಳಗನ್ನಡ ಹೌದು, ಆದರೆ ಆಡುಮಾತಿನ ಕಸುವು ತುಂಬಿದ ಹಳಗನ್ನಡ. ನಡುನಡುವೆ ಸಂಸ್ಕೃತ, ಪ್ರಾಕೃತದ ಒಗ್ಗರಣೆ ಇದ್ದರೂ ವಾಕ್ಯ ಮಾತ್ರ ಕಥೆ ಹೇಳುವ ಅಜ್ಜನ ಬಾಯಿಂದ ಬಂದ ಹಾಗೆ ಓಡುತ್ತದೆ.

ಹೆಸರು ಹರಿದದ್ದು ಹೇಗೆ?

ಇಂಥ ಪುಸ್ತಕದ ಹೆಸರು ಹಾಳಾದದ್ದು ಹೇಗೆ? ಇದಕ್ಕೆ ತಾಳೆಗರಿಯ ಹಣೆಬರಹ ತಿಳಿದಿರಬೇಕು.

ಮುದ್ರಣ ಯಂತ್ರ ಬರುವ ಮೊದಲು ಪುಸ್ತಕ ಅಂದರೆ ಗರಿಗಳ ಕಟ್ಟು. ಗರಿಯನ್ನು ಹದ ಮಾಡಿ, ಕಬ್ಬಿಣದ ಕಂಠದಿಂದ ಅಕ್ಷರ ಕೊರೆದು, ಮೇಲೆ ಕಪ್ಪು ಸವರಿ ಒರೆಸಿದರೆ ಕೊರೆದ ಗೀರಿನಲ್ಲಿ ಮಸಿ ನಿಲ್ಲುತ್ತದೆ. ಗರಿಗೆ ತೂತು ಹಾಕಿ, ದಾರ ಪೋಣಿಸಿ, ಮೇಲೊಂದು ಕೆಳಗೊಂದು ಹಲಗೆ ಇಟ್ಟು ಬಿಗಿದರೆ ಪುಸ್ತಕ ಸಿದ್ಧ. ಈಗಿನ ಹಾಗೆ ರಟ್ಟಿನ ಮೇಲೆ ಹೆಸರು ಹಾಕುವ ಪದ್ಧತಿ ಇಲ್ಲ. ಪುಸ್ತಕದ ಹೆಸರು, ಬರೆದವರ ಹೆಸರು ಸಾಮಾನ್ಯವಾಗಿ ಬರುವುದು ಕಟ್ಟಕಡೆಯ ಗರಿಯಲ್ಲಿ, ಸಮಾಪ್ತಿಯ ಮಾತಿನಲ್ಲಿ.

ಇಲ್ಲೇ ಇದೆ ಪೇಚು. ಕಟ್ಟಿನಲ್ಲಿ ಮೊದಲು ಸವೆಯುವ ಗರಿ ಯಾವುದು? ಮೇಲಿನದು ಮತ್ತು ಕೆಳಗಿನದು. ಹುಳ ಹೊಗುವುದು ಅಲ್ಲಿಂದ, ಹಸಿ ತಟ್ಟುವುದು ಅಲ್ಲಿಗೆ, ದಾರ ಸಡಿಲಾದರೆ ಉದುರುವುದೂ ಅದೇ. ವ್ಯಾಪಾರದ ಮಾತಿನಲ್ಲಿ ಹೇಳುವುದಾದರೆ, ಖಾತೆ ಪುಸ್ತಕದ ಲೆಕ್ಕವೆಲ್ಲ ಸುರಕ್ಷಿತ, ಯಾರ ಖಾತೆ ಎಂಬ ಹಾಳೆ ಮಾತ್ರ ನಾಪತ್ತೆ.

ಗರಿ ಉಳಿದರೂ ಕಾಟ ತಪ್ಪದು. ಮೂರು ನಾಲ್ಕು ತಲೆಮಾರಿಗೊಮ್ಮೆ ಹಳೆ ಕಟ್ಟು ಶಿಥಿಲವಾಗುತ್ತದೆ, ನೋಡಿಕೊಂಡು ಹೊಸದು ಬರೆಯಬೇಕು. ಹಳೆಯ ಗರಿಯಲ್ಲಿ ಪದಕ್ಕೂ ಪದಕ್ಕೂ ನಡುವೆ ಜಾಗ ಬಿಡುವ ಪದ್ಧತಿ ಇಲ್ಲ, ಅಕ್ಷರಕ್ಕೆ ಅಕ್ಷರ ಅಂಟಿಕೊಂಡಿರುತ್ತದೆ. 'ದ' ಯಾವುದು 'ಧ' ಯಾವುದು ಎಂದು ಗುರುತಿಸುವುದೇ ಕಷ್ಟ. ನಕಲು ಮಾಡುವವನು ತನಗೆ ತಿಳಿದ ಮಾತನ್ನು ತಿಳಿದ ಹಾಗೆ ಬರೆಯುತ್ತಾನೆ, ತಿಳಿಯದ್ದನ್ನು ಕಂಡ ಹಾಗೆ ಗೀಚುತ್ತಾನೆ. ಹೀಗೆ ನಾಲ್ಕಾರು ಕೈ ದಾಟಿದ ಮೇಲೆ ಹೆಸರು ಹೆಸರಾಗಿ ಉಳಿಯುವುದೇ ದೊಡ್ಡದು.

ಇಬ್ಬರು ಪತ್ತೇದಾರರು

ಈ ಗಂಟನ್ನು ಬಿಚ್ಚಲು ಕೂತವರಲ್ಲಿ ಇಬ್ಬರನ್ನು ನೆನೆಯಲೇಬೇಕು. ವಿಶೇಷವೆಂದರೆ ಇಬ್ಬರೂ ಹುಟ್ಟಿದ್ದು ೧೯೦೬ರಲ್ಲಿ.

ಒಬ್ಬರು ಮೈಸೂರಿನ ಪ್ರೊ. ಡಿ.ಎಲ್. ನರಸಿಂಹಾಚಾರ್. ವಿದ್ಯಾರ್ಥಿಗಳ ಬಾಯಲ್ಲಿ ಡಿ.ಎಲ್.ಎನ್. ಹಳೆಯ ಹಸ್ತಪ್ರತಿಗಳನ್ನು ಮುಂದಿಟ್ಟುಕೊಂಡು, ಪಾಠಕ್ಕೆ ಪಾಠ ತಾಳೆ ನೋಡಿ, ಯಾವುದು ಮೂಲ, ಯಾವುದು ನಕಲುಗಾರನ ಕೈವಾಡ ಎಂದು ತೂಗಿ ನೋಡುವ ವಿದ್ಯೆಯಲ್ಲಿ ಅವರದು ಎತ್ತಿದ ಕೈ. ಆ ವಿದ್ಯೆಯ ಮೇಲೆಯೇ 'ಕನ್ನಡ ಗ್ರಂಥ ಸಂಪಾದನೆ' ಎಂಬ ಪುಸ್ತಕ ಬರೆದವರು. ೧೯೪೯ರಲ್ಲಿ ಅವರ ಸಂಪಾದನೆಯಲ್ಲಿ ವಡ್ಡಾರಾಧನೆ ಪುಸ್ತಕವಾಗಿ ಹೊರಬಂತು. ಅಲ್ಲಿಯವರೆಗೆ ಕನ್ನಡದ ಹಳೆಯ ಗದ್ಯ ಎಂದರೆ ಚಾವುಂಡರಾಯ ಪುರಾಣ ಎನ್ನುತ್ತಿದ್ದ ಮಂದಿ ಲೆಕ್ಕ ತಿದ್ದಿಕೊಳ್ಳಬೇಕಾಯಿತು.

ಇನ್ನೊಬ್ಬರು ನಮ್ಮ ಕಡೆಯವರೇ, ಬೆಳಗಾವಿ ಜಿಲ್ಲೆಯ ಸದಲಗಾ ಗ್ರಾಮದ ಡಾ. ಆ.ನೇ. ಉಪಾಧ್ಯೆ. ಕೊಲ್ಲಾಪುರದ ರಾಜಾರಾಮ ಕಾಲೇಜಿನಲ್ಲಿ ಪ್ರಾಧ್ಯಾಪಕರಾಗಿದ್ದರು. ಪ್ರಾಕೃತದಲ್ಲಿ ದೇಶಕ್ಕೇ ದೊಡ್ಡ ಹೆಸರು. ೧೯೪೩ರಲ್ಲಿ ಅವರು ಹರಿಷೇಣನ 'ಬೃಹತ್ಕಥಾಕೋಶ' ಎಂಬ ಸಂಸ್ಕೃತ ಕಥಾಸಂಗ್ರಹವನ್ನು ಪ್ರಕಟಿಸಿದರು. ೯೩೧ರ ಸುಮಾರಿಗೆ ಬರೆದ ಆ ಸಂಗ್ರಹದಲ್ಲಿ ೧೫೭ ಕಥೆಗಳಿವೆ. ವಡ್ಡಾರಾಧನೆಯ ಮುನಿಗಳಲ್ಲಿ ಹಲವರು ಅಲ್ಲಿಯೂ ಸಿಗುತ್ತಾರೆ. ಉಪಾಧ್ಯೆಯವರು ತಮ್ಮ ಉದ್ದನ್ನ ಪೀಠಿಕೆಯಲ್ಲಿ ಕನ್ನಡದ ಈ ಗಂಟನ್ನೂ ಎತ್ತಿಕೊಂಡು ಚರ್ಚಿಸಿದರು.

ಇಬ್ಬರಿಗೂ ಕನ್ನಡಿಗರು ಸಲ್ಲಬೇಕಾದ ಗೌರವ ಸಲ್ಲಿಸಿದ್ದಾರೆ. ಡಿ.ಎಲ್.ಎನ್. ೧೯೬೦ರ ಬೀದರ ಸಾಹಿತ್ಯ ಸಮ್ಮೇಳನದ ಅಧ್ಯಕ್ಷರು, ಉಪಾಧ್ಯೆಯವರು ೧೯೬೭ರ ಶ್ರವಣಬೆಳಗೊಳ ಸಮ್ಮೇಳನದ ಅಧ್ಯಕ್ಷರು.

ಸುಳಿವು ಒಂದು: 'ವಡ್ಡ'

'ಆರಾಧನೆ' ಎಂಬ ಅರ್ಧ ಎಲ್ಲರಿಗೂ ತಿಳಿಯುತ್ತದೆ. ತಕರಾರು 'ವಡ್ಡ'ದ್ದು. ಇದು ಪ್ರಾಕೃತದಿಂದ ಬಂದ ಮಾತು. ಒಂದು ವಾದದ ಪ್ರಕಾರ 'ವೃದ್ಧ' ಸವೆದು 'ವಡ್ಡ' ಆಗಿದೆ, ಆಗ ಇದು ವೃದ್ಧರ, ಅಂದರೆ ಹಿರಿಯ ಮುನಿಗಳ ಆರಾಧನೆ. ಇನ್ನೊಂದು ವಾದದ ಪ್ರಕಾರ 'ವಡ್ಡ' ಅಂದರೆ ದೊಡ್ಡ, ಆಗ ಇದು 'ಬೃಹದಾರಾಧನೆ', ಅಂದರೆ ದೊಡ್ಡ ಆರಾಧನೆ.

ವ್ಯಾಪಾರಸ್ಥರಿಗೆ ಇಲ್ಲೊಂದು ಖುಷಿಯ ಸಂಗತಿ ಇದೆ. ಕರ್ನಾಟಕದ ಹಳೆಯ ಶಾಸನಗಳಲ್ಲಿ 'ವಡ್ಡವ್ಯವಹಾರಿ' ಎಂಬ ಬಿರುದು ಬರುತ್ತದೆ. ಅದರ ಅರ್ಥ ದೊಡ್ಡ ವ್ಯಾಪಾರಿ, ಇವತ್ತಿನ ಮಾತಿನಲ್ಲಿ 'ದೊಡ್ಡ ಸಾವಕಾರ್ರು'. ಹೀಗೆ ಪುಸ್ತಕದ ಹೆಸರಿನ ಬೀಗಕ್ಕೆ ಒಂದು ಕೀಲಿ ಸಿಕ್ಕಿದ್ದು ವ್ಯಾಪಾರದ ಪೇಟೆಯಲ್ಲೇ ಎನ್ನಬಹುದು!

ಸುಳಿವು ಎರಡು: 'ಕವಚ'

ಎಲ್ಲಕ್ಕೂ ಗಟ್ಟಿ ಸುಳಿವು ಕೊನೆಯ ಗರಿಯಲ್ಲೇ ಇತ್ತು. ಹಸ್ತಪ್ರತಿಯ ಸಮಾಪ್ತಿಯಲ್ಲಿ ಬರೀ 'ವಡ್ಡಾರಾಧನೆ ಮುಗಿಯಿತು' ಎಂದಿಲ್ಲ. ಶಿವಕೋಟ್ಯಾಚಾರ್ಯರ ಹೆಸರು ಹೇಳಿ, ವಡ್ಡಾರಾಧನೆಯ 'ಕವಚ' ಎಂಬ ಮಾತು ಬಂದಿದೆ. ಕವಚ? ಕಥೆ ಪುಸ್ತಕಕ್ಕೆ ಕವಚ ಎಲ್ಲಿಂದ ಬಂತು?

ಉತ್ತರ ಸಿಕ್ಕಿದ್ದು ಪ್ರಾಕೃತದ ಒಂದು ಹಳೆಯ ಗ್ರಂಥದಲ್ಲಿ. ಅದರ ಹೆಸರು 'ಭಗವತೀ ಆರಾಧನಾ'. ಬರೆದವರು ಶಿವಾರ್ಯ, ಇವರನ್ನೇ ಶಿವಕೋಟಿ ಎಂದೂ ಹೇಳುತ್ತಾರೆ. ಎರಡು ಸಾವಿರಕ್ಕೂ ಹೆಚ್ಚು ಪದ್ಯಗಳ ದೊಡ್ಡ ಗ್ರಂಥ. ಅದರಲ್ಲಿ 'ಕವಚ' ಎಂಬ ಹೆಸರಿನ ಒಂದು ಅಧಿಕಾರವೇ ಇದೆ. ಕನ್ನಡದ ೧೯ ಕಥೆಗಳ ತಲೆಯ ಮೇಲೆ ಕೂತಿರುವ ೧೯ ಪ್ರಾಕೃತ ಪದ್ಯಗಳು ಆ ಅಧಿಕಾರದವೇ!

ಬೀಗ ತೆರೆಯಿತು. 'ವಡ್ಡಾರಾಧನೆ', ಅಂದರೆ ದೊಡ್ಡ ಆರಾಧನೆ, ಎಂಬುದು ಈ ಕನ್ನಡ ಪುಸ್ತಕದ ಹೆಸರೇ ಅಲ್ಲದಿರಬಹುದು. ಅದು ಮೂಲದ ಪ್ರಾಕೃತ ಗ್ರಂಥದ ಹೆಸರು. ಕನ್ನಡದ ಪುಸ್ತಕ ಅದರ 'ಕವಚ' ಭಾಗಕ್ಕೆ ಬರೆದ ಕಥಾರೂಪದ ವಿವರಣೆ. ಶಿವಕೋಟ್ಯಾಚಾರ್ಯ ಎಂಬುದೂ ಮೂಲದವರ ಹೆಸರೇ ಇದ್ದೀತು. ಅಂದರೆ ಕೊಟ್ಟ ರಸೀದಿಯಲ್ಲಿ ಸರಕು ತಯಾರಿಸಿದವನ ಹೆಸರಿಲ್ಲ, ಕಚ್ಚಾ ಮಾಲು ಕೊಟ್ಟವನ ಹೆಸರಿದೆ.

ಹಾಗಾದರೆ ಬರೆದವರು ಯಾರು?

ಈ ಪ್ರಶ್ನೆಗೂ ಒಂದು ಎಳೆ ಸಿಕ್ಕಿತು, ಅದು ಸಿಕ್ಕಿದ್ದು ಬೇರೆಯವರ ಪುಸ್ತಕದಲ್ಲಿ. ರಾಮಚಂದ್ರ ಮುಮುಕ್ಷು ಎಂಬವರು ಸಂಸ್ಕೃತದಲ್ಲಿ 'ಪುಣ್ಯಾಸ್ರವ ಕಥಾಕೋಶ' ಎಂಬ ಕಥಾಸಂಗ್ರಹ ಬರೆದಿದ್ದಾರೆ. ಅದರೊಳಗೆ, ಭ್ರಾಜಿಷ್ಣು ಎಂಬವರ 'ಆರಾಧನಾ ಕರ್ಣಾಟ ಟೀಕೆ'ಯ ಪ್ರಸ್ತಾಪವಿದೆ. ಆರಾಧನೆಗೆ ಬರೆದ ಕನ್ನಡ ಟೀಕೆ! ಕನ್ನಡದಲ್ಲಿ ಆರಾಧನೆಯ ಪದ್ಯಗಳಿಗೆ ಕಥೆ ಹೇಳುವ ಪುಸ್ತಕ ಕೈಯಲ್ಲಿರುವುದು ಇದೊಂದೇ. ಎರಡನ್ನೂ ಜೋಡಿಸಿ, ವಡ್ಡಾರಾಧನೆ ಬರೆದವರು ಭ್ರಾಜಿಷ್ಣು, ಪುಸ್ತಕದ ನಿಜನಾಮ 'ಆರಾಧನಾ ಕರ್ಣಾಟ ಟೀಕಾ' ಎಂಬ ವಾದ ಹುಟ್ಟಿತು. ಜೈನ ಸಾಹಿತ್ಯದಲ್ಲಿ ಬಾಳುವೆಯನ್ನೇ ಸವೆಸಿದ ಡಾ. ಹಂ.ಪ. ನಾಗರಾಜಯ್ಯನವರು ಈ ವಾದವನ್ನು ಗಟ್ಟಿಯಾಗಿ ಎತ್ತಿ ಹಿಡಿದವರು. ಶಿವಕೋಟ್ಯಾಚಾರ್ಯರ ಹೆಸರನ್ನೇ ಹಿಡಿದು ನಡೆಯುವ ಪುಸ್ತಕಗಳೂ ಅಂಗಡಿಯಲ್ಲಿ ಸಿಗುತ್ತವೆ. 'ಉಪಸರ್ಗ ಕೇವಲಿಗಳ ಕಥೆ' ಎಂಬ ಮೂರನೆಯ ಹೆಸರೂ ಬಳಕೆಯಲ್ಲಿದೆ. ಉಪಸರ್ಗ ಎಂದರೆ ಪೀಡೆ, ಪೀಡೆ ಸಹಿಸಿ ಗೆದ್ದವರ ಕಥೆ ಎಂದರ್ಥ.

ಕಾಲದ ಮೇಲೂ ಜಗ್ಗಾಟ ಇದೆ. ಕ್ರಿ.ಶ. ೯೨೦ರ ಸುಮಾರು ಎಂಬುದು ರೂಢಿಯ ಮಾತು. ಇನ್ನೂ ಹಿಂದಕ್ಕೆ ಒಯ್ಯುವವರೂ ಇದ್ದಾರೆ, ಹನ್ನೊಂದನೆಯ ಶತಮಾನಕ್ಕೆ ತರುವವರೂ ಇದ್ದಾರೆ. ಹೆಸರೊಂದು ಸರಿಯಾಗಿ ಉಳಿದಿದ್ದರೆ ಈ ಜಗ್ಗಾಟದಲ್ಲಿ ಅರ್ಧ ಇರುತ್ತಿರಲಿಲ್ಲ.

ಒಂದು ಮಾತು ಗಮನಿಸಿ. ಆರಾಧನೆಯ ಪದ್ಯಗಳು ಎರಡು ಸಾವಿರಕ್ಕೂ ಮಿಕ್ಕಿ. ಕನ್ನಡದಲ್ಲಿ ಕಥೆಯಾಗಿ ಸಿಕ್ಕಿರುವುದು ಹತ್ತೊಂಬತ್ತಕ್ಕೆ ಮಾತ್ರ. ಪೂರ್ತಿ ಗ್ರಂಥಕ್ಕೆ ಕನ್ನಡ ಟೀಕೆ ಇದ್ದದ್ದೇ ಹೌದಾದರೆ, ಇಷ್ಟೇ ಸೊಗಸಾದ ಇನ್ನಷ್ಟು ಕಥೆಗಳು ಕಳೆದುಹೋದವು ಎಂದೇ ಅರ್ಥ. ಚಕ್ಕಡಿ ಹೋಗಿದೆ, ಒಂದು ಚೀಲ ದಾರಿಯಲ್ಲಿ ಬಿದ್ದು ನಮಗೆ ಸಿಕ್ಕಿದೆ.

ಸವಣೂರಿಗೂ ಇದಕ್ಕೂ ಏನು ಸಂಬಂಧ?

'ಎಲ್ಲಿಯೋ ಮೈಸೂರು, ಎಲ್ಲಿಯೋ ಕೊಲ್ಲಾಪುರ, ನಮಗ ಯಾಕ ಬೇಕ್ರೀ ಇದು?' ಎಂದು ಕೇಳುವವರು ಬಂಕಾಪುರದ ಬಸ್ಸು ಹತ್ತಿ ಒಮ್ಮೆ ಹೋಗಿಬರಬೇಕು. ಇವತ್ತು ಬಂಕಾಪುರ ಅಂದರೆ ಕೋಟೆ, ನವಿಲು, ಅರವತ್ತು ಕಂಬದ ಗುಡಿ. ಸಾವಿರ ವರ್ಷದ ಹಿಂದೆ ಅದು ಜೈನ ವಿದ್ಯೆಯ ದೊಡ್ಡ ಪೇಟೆ. ರಾಷ್ಟ್ರಕೂಟರ ದೊರೆ ಅಮೋಘವರ್ಷನ ಸಾಮಂತ ಬಂಕೆಯನ ಹೆಸರಿನ ಊರು ಅದು. ಗುಣಭದ್ರಾಚಾರ್ಯರ 'ಉತ್ತರಪುರಾಣ'ಕ್ಕೆ ೮೯೮ರಲ್ಲಿ ಪೂಜೆ ನಡೆದದ್ದು ಅಲ್ಲಿ, ಬಂಕೆಯನ ಮಗ ಲೋಕಾದಿತ್ಯ ಆಳುತ್ತಿದ್ದಾಗ. ಚಾವುಂಡರಾಯನಿಗೂ ರನ್ನನಿಗೂ ಗುರುವಾದ ಅಜಿತಸೇನಾಚಾರ್ಯರು ನೆಲೆಸಿದ್ದೂ ಅಲ್ಲೇ.

ಇದಕ್ಕಿಂತ ದೊಡ್ಡ ಸಂಗತಿ ಇನ್ನೊಂದಿದೆ. ಗಂಗರ ದೊರೆ ಮಾರಸಿಂಹ ಹತ್ತಾರು ಯುದ್ಧ ಗೆದ್ದವನು. ಕೊನೆಗೆ ರಾಜ್ಯ ಬಿಟ್ಟು ಬಂಕಾಪುರಕ್ಕೆ ಬಂದ. ಅಜಿತಸೇನರ ಸನ್ನಿಧಿಯಲ್ಲಿ ಮೂರು ದಿನ ಉಪವಾಸವಿದ್ದು ಸಲ್ಲೇಖನದಿಂದ ದೇಹ ಬಿಟ್ಟ. ಇದು ೯೭೪ರ ಸುಮಾರಿನ ಮಾತು, ಶ್ರವಣಬೆಳಗೊಳದ ಕೂಗೆ ಬ್ರಹ್ಮದೇವರ ಕಂಬದ ಮೇಲೆ ಕೆತ್ತಿಸಿದ್ದಾರೆ.

ಈಗ 'ಕವಚ' ಎಂಬ ಮಾತಿಗೆ ಮರಳಿ ಬನ್ನಿ. ಅನ್ನ ನೀರು ಬಿಟ್ಟು ಸಾವಿನ ಎದುರು ಕೂತವನಿಗೆ ಹಸಿವು ಇಲ್ಲವೇ? ನೋವು ಇಲ್ಲವೇ? ಮನಸ್ಸು ಅಳ್ಳಾಡುವುದಿಲ್ಲವೇ? ಆ ಹೊತ್ತಿನಲ್ಲಿ ಗುರು ಪಕ್ಕದಲ್ಲಿ ಕೂತು, ಇವನಿಗಿಂತ ಹೆಚ್ಚು ಪೀಡೆ ಪಟ್ಟು ಗೆದ್ದವರ ಕಥೆ ಹೇಳಬೇಕು ಎಂಬುದು ಆರಾಧನೆಯ ವಿಧಿ. ನರಿ ತಿಂದರೂ ಅಲುಗದ ಸುಕುಮಾರನ ಕಥೆ, ಬೆಂಕಿಯಲ್ಲಿ ಕೂತ ಚಾಣಕ್ಯನ ಕಥೆ. ಯುದ್ಧಕ್ಕೆ ಹೋಗುವವನಿಗೆ ಕಬ್ಬಿಣದ ಕವಚ ಹೇಗೋ, ಸಾವನ್ನು ಎದುರಿಸುವವನಿಗೆ ಈ ಕಥೆಗಳು ಹಾಗೆ. ಅದಕ್ಕೇ ಆ ಹೆಸರು. ಹತ್ತೊಂಬತ್ತು ಕಥೆಗಳನ್ನು ಬರೀ ಕಥೆ ಎಂದು ಓದಿದವರಿಗೆ 'ಇಷ್ಟು ನೋವು, ಇಷ್ಟು ಸಾವು ಯಾಕ?' ಅನ್ನಿಸುವುದು ಸಹಜ. ಹೆಸರಿನ ಹರಿದ ತುದಿ ಸಿಕ್ಕ ಮೇಲೆ ಗೊತ್ತಾಗುತ್ತದೆ: ಇವು ಹೊತ್ತು ಕಳೆಯಲು ಹೇಳಿದ ಕಥೆಗಳಲ್ಲ, ಕಡೆಗಾಲದ ಮನುಷ್ಯನ ಕೈ ಹಿಡಿದು ಹೇಳುವ ಧೈರ್ಯದ ಮಾತುಗಳು. ಹೆಸರು ಸಿಕ್ಕಿದ್ದಕ್ಕೆ ಪುಸ್ತಕದ ಅರ್ಥವೇ ಬದಲಾಯಿತು.

ಇನ್ನು ಹಿರೇಕೆರೂರಿನ ಕಡೆಯಿಂದ ಗಡಿ ದಾಟಿದರೆ ಬಳ್ಳಿಗಾವಿ. ಅಲ್ಲಿಯ ೧೦೬೮ರ ಶಾಸನದಲ್ಲಿ ಶಾಂತಿನಾಥ ಎಂಬ ಕವಿಯ ಹೆಸರು ಬರುತ್ತದೆ. ಬನವಾಸಿ ನಾಡಿನ ಆಡಳಿತದಲ್ಲಿ ದೊಡ್ಡ ಹುದ್ದೆಯಲ್ಲಿದ್ದ ಈ ಕವಿ ಬರೆದದ್ದು 'ಸುಕುಮಾರಚರಿತೆ', ನರಿ ತಿಂದ ಅದೇ ಸುಕುಮಾರನ ಕಥೆ, ಕಾವ್ಯದ ರೂಪದಲ್ಲಿ. ಅಂದರೆ ಈ ಕಥೆಗಳು ನಮ್ಮ ಸುತ್ತಿನ ಗಾಳಿಯಲ್ಲೇ ಇದ್ದವು. ಹಳಗನ್ನಡದಲ್ಲಿ 'ಸವಣ' ಎಂದರೆ ಜೈನ ಮುನಿ. ಊರಿನ ಹೆಸರು ಕೂಗಿ ಕಂಡಕ್ಟರು ಸೀಟಿ ಊದಿದಾಗೆಲ್ಲ ಆ ಮಾತು ಕಿವಿಗೆ ಬಿದ್ದೇ ಬೀಳುತ್ತದೆ.

ಸಿಕ್ಕವು ಕಡಿಮೆ, ಹೋದವು ಹೆಚ್ಚು

ವಡ್ಡಾರಾಧನೆಯ ದೈವ ಚಲೋ ಇತ್ತು, ಸಿಕ್ಕಿತು. ಎಲ್ಲ ಪುಸ್ತಕಗಳ ಹಣೆಬರಹ ಹೀಗಿಲ್ಲ. ಪೊನ್ನನ 'ಭುವನೈಕರಾಮಾಭ್ಯುದಯ' ಇತ್ತೆಂದು ಗೊತ್ತು, ಪುಸ್ತಕ ಇಲ್ಲ. ರನ್ನನ 'ಪರಶುರಾಮಚರಿತೆ', 'ಚಕ್ರೇಶ್ವರಚರಿತೆ' ಎರಡೂ ಇಲ್ಲ. ಒಂದನೆಯ ಗುಣವರ್ಮನ 'ಶೂದ್ರಕ' ಎಂಬ ಕಾವ್ಯ ಬೇರೆಯವರು ಎತ್ತಿಕೊಂಡ ಬಿಡಿ ಪದ್ಯಗಳಲ್ಲಷ್ಟೇ ಉಸಿರು ಹಿಡಿದಿದೆ. ಇವುಗಳ ಬೋರ್ಡು ಉಳಿದಿದೆ, ಅಂಗಡಿಯೇ ಇಲ್ಲ.

ಹುಡುಕಿದರೆ ಸಿಗುತ್ತವೆ ಎಂಬುದಕ್ಕೂ ಸಾಕ್ಷಿಗಳಿವೆ. ವಡ್ಡಾರಾಧನೆಯ ಚಾಣಕ್ಯನನ್ನೇ ತೆಗೆದುಕೊಳ್ಳಿ. ಅವನ 'ಅರ್ಥಶಾಸ್ತ್ರ' ಬರೀ ಹೆಸರಾಗಿ ಉಳಿದಿತ್ತು. ತಂಜಾವೂರು ಕಡೆಯ ಪಂಡಿತರೊಬ್ಬರು ಮೈಸೂರಿನ ಸರಕಾರಿ ಪ್ರಾಚ್ಯ ಗ್ರಂಥಾಲಯಕ್ಕೆ ತಂದುಕೊಟ್ಟ ಗರಿಯ ಕಟ್ಟಿನಲ್ಲಿ ಆರ್. ಶಾಮಶಾಸ್ತ್ರಿಗಳು ಅದನ್ನು ೧೯೦೫ರಲ್ಲಿ ಗುರುತಿಸಿದರು, ೧೯೦೯ರಲ್ಲಿ ಅಚ್ಚು ಹಾಕಿಸಿದರು. ವಿಜಾಪುರದಲ್ಲಿ ಫ.ಗು. ಹಳಕಟ್ಟಿಯವರು ಮನೆ ಮನೆ ತಿರುಗಿ ವಚನದ ಕಟ್ಟುಗಳನ್ನು ಕೂಡಿಸಿ ೧೯೨೩ರಲ್ಲಿ 'ವಚನಶಾಸ್ತ್ರಸಾರ' ತಂದರು. ನಮ್ಮದೇ ಸೀಮೆಯ ಸರ್ವಜ್ಞನ ತ್ರಿಪದಿಗಳು ಬಾಯಿಂದ ಬಾಯಿಗೆ ಹರಿದು ಚೆಲ್ಲಾಪಿಲ್ಲಿ ಆಗಿದ್ದಾಗ, ಕ್ರೈಸ್ತ ಪಾದ್ರಿ ಉತ್ತಂಗಿ ಚೆನ್ನಪ್ಪನವರು ಊರೂರು ಅಲೆದು ಕೂಡಿಸಿ ೧೯೨೪ರಲ್ಲಿ ಪುಸ್ತಕ ಮಾಡಿದರು. ಜಾತಿ, ಮತ ನೋಡದೆ ಹಾಳೆ ನೋಡಿದ ಮಹನೀಯರು ಇವರು.

ಅಟ್ಟದ ಮೇಲಿನ ಗಂಟು

ವಿನಾಯಕ ಕೃಷ್ಣ ಗೋಕಾಕರು ೧೯೦೯ರಲ್ಲಿ ಹುಟ್ಟಿದ ಊರು ಸವಣೂರು. ಪುಸ್ತಕದ ಬೆಲೆ ಈ ಊರಿಗೆ ಹೊಸದಾಗಿ ಹೇಳಬೇಕಾದ್ದಿಲ್ಲ. ಆದರೂ ಒಂದು ಮಾತು ಅವಶ್ಯ. ಹಳೆಯ ಮನೆ ಕೆಡವುವಾಗ, ಅಣ್ಣತಮ್ಮಂದಿರು ಪಾಲು ಆಗುವಾಗ, ಅಟ್ಟದ ಮೇಲಿನ ಗಂಟು ಕೆಳಗೆ ಬರುತ್ತದೆ. ಪಾತ್ರೆ ಪಗಡದ ಲೆಕ್ಕ ಆಗುತ್ತದೆ, ಗಂಟಿನ ಲೆಕ್ಕ ಆಗುವುದಿಲ್ಲ. 'ಏನೋ ಮುತ್ತ್ಯಾನ ಕಾಲದ ಗರಿ' ಎಂದು ಒಲೆಗೋ, ಹೊಳೆಗೋ, ರದ್ದಿಗೋ ಹೋಗುತ್ತದೆ. ಅದರಲ್ಲಿ ಪಂಚಾಂಗ ಇರಬಹುದು, ನಾಟೀ ವೈದ್ಯ ಇರಬಹುದು, ಸಾಲದ ಲೆಕ್ಕ ಇರಬಹುದು. ಹೆಸರು ಕಳೆದುಕೊಂಡ ಇನ್ನೊಂದು ವಡ್ಡಾರಾಧನೆಯೂ ಇರಬಹುದು.

ಮಾಡಬೇಕಾದ್ದು ಬಹಳ ಇಲ್ಲ. ಗರಿಯ ಕಟ್ಟಾಗಲಿ, ಕೈಬರಹದ ಹಳೆ ಪುಸ್ತಕವಾಗಲಿ ಸಿಕ್ಕರೆ, ದಾರ ಬಿಚ್ಚಬೇಡಿ. ಬಿಸಿಲಿಗೆ ಹರವಬೇಡಿ, ಅಡಿಗೆ ಎಣ್ಣೆ ಸವರಬೇಡಿ. ಉದುರಿದ ಚೂರುಗಳನ್ನು ಗುಡಿಸಿ ಚೆಲ್ಲಬೇಡಿ. ಹೆಸರು ಇರುವುದು ಬಹಳ ಸಲ ಆ ಚೂರಿನಲ್ಲೇ! ಒಣಗಿದ ಹತ್ತಿಬಟ್ಟೆಯಲ್ಲಿ ಸುತ್ತಿ, ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯಕ್ಕೋ, ಹಂಪಿಯ ಕನ್ನಡ ವಿಶ್ವವಿದ್ಯಾಲಯಕ್ಕೋ ಒಯ್ದು ಹಸ್ತಪ್ರತಿ ತಿಳಿದವರಿಗೆ ತೋರಿಸಿ. ಗರಿ ಓದಬಲ್ಲವರು ಅಲ್ಲಿ ಸಿಗುತ್ತಾರೆ. ಕೊಡುವ ಮನಸ್ಸಿಲ್ಲದಿದ್ದರೆ ಫೋಟೋ ತೆಗೆಸಿಕೊಂಡು ಗಂಟನ್ನು ಮನೆಗೇ ತರಬಹುದು. ಕೇಂದ್ರ ಸರಕಾರ ೨೦೦೩ರಲ್ಲಿ ರಾಷ್ಟ್ರೀಯ ಹಸ್ತಪ್ರತಿ ಮಿಷನ್ ಸುರು ಮಾಡಿದ್ದು ಇಂಥ ಗಂಟುಗಳ ಪಟ್ಟಿ ಮಾಡಲಿಕ್ಕೆಂದೇ.

ರದ್ದಿ ತೂಕ ಮಾಡುವ ಅಂಗಡಿಕಾರರದೂ ಇದರಲ್ಲಿ ಪಾಲಿದೆ. ತಕ್ಕಡಿಯಲ್ಲಿ ಇಟ್ಟ ಹಳೆ ಕೈಬರಹಕ್ಕೆ ಕಿಲೋ ಲೆಕ್ಕದ ಬೆಲೆ ಒಂದು, ನಾಡಿನ ಲೆಕ್ಕದ ಬೆಲೆ ಇನ್ನೊಂದು. ಖಾರ ಕಟ್ಟಿಕೊಡಲು ಹರಿಯುವ ಮೊದಲು ಒಮ್ಮೆ ಕಣ್ಣಾಡಿಸಿದರೆ ನಷ್ಟವೇನೂ ಇಲ್ಲ.

ಡಿ.ಎಲ್.ಎನ್. ೧೯೭೧ರಲ್ಲಿ, ಉಪಾಧ್ಯೆಯವರು ೧೯೭೫ರಲ್ಲಿ ತೀರಿಕೊಂಡರು. ಪುಸ್ತಕದ ನಿಜವಾದ ಹೆಸರು ಬರೆದ ಗರಿ ಅವರ ಕೈಗೆ ಬರಲಿಲ್ಲ. ಸರಕು ಸಿಕ್ಕಿದೆ, ಮಾಲೀಕನ ರುಜು ಇರುವ ಹಾಳೆ ಇನ್ನೂ ಬರಬೇಕು. ಅದು ಗ್ರಂಥಾಲಯದ ಕಪಾಟಿನಿಂದಲೇ ಬರಬೇಕೆಂದೇನೂ ಇಲ್ಲ. ಯಾರ ಮನೆಯ ಜಂತಿಗೆ ತೂಗಿದ ಗಂಟಿನಿಂದಲಾದರೂ ಬಂದೀತು.